ಐವಿಎಫ್ ಅನುಭವದ ಮ್ಯಾಲೆ ಒಬ್ಬಾಕಿನ ಮಾಡೋ ಪ್ರಯೋಗ: ಸೂಜಿ ಖರೇನ ಚುಚ್ಕೋಬೇಕಾ?

ಧಾರವಾಡದಾಕಿ:
ನಮಸ್ಕಾರ್ರಿ ಎಲ್ಲಾರಿಗೂ. ಹವ್ಯಾಸಿ ನಾಟಕ ತಂಡದಾಗ 12 ವರ್ಷದಿಂದ ಅದೀನಿ. ಮೂರು ಸಲ ಐವಿಎಫ್, ಅಂದ್ರ ಟೆಸ್ಟ್ ಟ್ಯೂಬ್ ಬೇಬಿ ಟ್ರೀಟ್‌ಮೆಂಟ್, ಮಾಡಿಸಿದ್ವಿ, ಮೂರೂ ನಿಲ್ಲಲಿಲ್ಲ, ಈಗ ಬಿಟ್ಟೀವಿ. ಅದನ್ನ ಇಟ್ಕೊಂಡು 40 ನಿಮಿಷದ ಪ್ರಯೋಗ ಕಟ್ಟಾಕತ್ತೀನಿ. ಮುಟ್ಟಾದ ಎರಡನೇ ದಿನದಿಂದ ಹೊಟ್ಟಿಗೆ ಇಂಜೆಕ್ಷನ್ನು, ಫ್ರಿಜ್‌ನ್ಯಾಗ ಮೊಸರಿನ ಪಾತೇಲಿ ಬಾಜೂಕ ಔಷಧದ ಡಬ್ಬಿ, ದಿನ ಬಿಟ್ಟು ದಿನ ಸ್ಕ್ಯಾನು, ಅಂಡ ಪಕ್ವ ಆಗಾಕ ಟ್ರಿಗರ್ ಇಂಜೆಕ್ಷನ್ ಕೊಟ್ಟು ಸುಮಾರು 36 ತಾಸಿಗೆ ಅದನ್ನ ಹೊರಗ ತಗಿಯೋ ಎಗ್ ಪಿಕಪ್, ಭ್ರೂಣ ಗರ್ಭದಾಗ ಇಡೋ ಟ್ರಾನ್ಸ್‌ಫರ್ ಆದಮ್ಯಾಲೆ ಬಸಿರು ಹೌದೋ ಅಲ್ಲೋ ಹೇಳೋ ಬೀಟಾ ರಿಪೋರ್ಟಿಗೆ ಎರಡು ವಾರ ಕಾಯೋದು, ಎಲ್ಲಾ ಐತಿ. ನಮ್ಮ ನಾದಿನಿ ಕುಬಸದ (ಸೀಮಂತದ) ದಿನ ಉಡಿ ತುಂಬಾಕ ನನ್ನ ಕರೀಲೇ ಇಲ್ಲ, ಅಡಿಗಿ ಮನ್ಯಾಗ ಹೋಳಿಗಿ ಲಟ್ಟಿಸ್ಕೋತ ನಿಂತಿದ್ದೆ, ಅದೂ ಐತಿ. ಡೈರೆಕ್ಟರ್ ಸ್ಟೇಜ್ ಮ್ಯಾಲೆ ಖರೇನ ಚುಚ್ಕೋರಿ ಅಂತಾರ. ನನಗ ಮಂದಿ ಸೂಜಿ ಅಷ್ಟ ನೋಡಿ ಅಯ್ಯೋ ಪಾಪ ಅಂದು ಮನಿಗೆ ಹೋಗ್ತಾರ ಅನಸ್ತೈತಿ. ಏನ್ ಮಾಡ್ಲಿ?

ಚಿತ್ರಕಲಾ_ಬೆಂಗಳೂರು:
ಮೇಡಂ, ಫಿನ್ಲೆಂಡಿನ ಎಲಿನಾ ಬ್ರೋಥೆರಸ್ ಅವರ ‘ಅನೋನ್ಸಿಯಾಸಿಯೋಂ’ ಫೋಟೋ ಸರಣಿ ನೋಡಿ. ತಮ್ಮದೇ ಐವಿಎಫ್ ನಡೀತಿದ್ದಾಗ, 2009ರಿಂದ 2013ರವರೆಗೆ, ಕ್ಯಾಮೆರಾ ಮುಂದೆ ತಾವೇ ಕೂತು ತೆಗೆದಿದ್ದು. ದೇವದೂತ ಬಂದು ಮೇರಿಗೆ ನಿನಗೆ ಮಗು ಆಗುತ್ತೆ ಅಂತ ಹೇಳ್ತಾನಲ್ಲ, ಆ ಹಳೇ ಚಿತ್ರಗಳ ಹೆಸರು ಅದು. ಇಲ್ಲಿ ದೂತ ಬರೋದೇ ಇಲ್ಲ, ಕೊನೇವರೆಗೂ ಮಗು ಆಗಲ್ಲ. ಸಿರಿಂಜು ಔಷಧಿ ಎಲ್ಲಾ ಇದೆ, ಆದ್ರೆ ನನಗೆ ತಲೇಲಿ ಉಳಿದಿದ್ದು ಸುಮ್ನೆ ಕಾಯ್ತಾ ಕೂತಿರೋ ಆ ಹೆಂಗಸು. ಹಾಗೇ ಲಿವರ್‌ಪೂಲ್‌ನ ಟ್ಯಾಬಿತಾ ಮೋಸೆಸ್, ಅವರೂ ಟ್ರೀಟ್‌ಮೆಂಟ್ ತಗೊಂಡವರೇ, ಆಸ್ಪತ್ರೆ ಗೌನ್ ಮೇಲೆ ದಾರದಲ್ಲಿ ಆ ಕಥೆ ಹೊಲಿದಿದ್ದಾರೆ. ಕಸೂತಿ ನಿಮ್ಮ ಕಡೇದೇ ಅಲ್ವಾ, ಯೋಚನೆ ಮಾಡಿ.

ಮೈಸೂರಿನವಳು:
ಅಕ್ಕ ದಯವಿಟ್ಟು ಚುಚ್ಕೋಬೇಡಿ, ಹಾಲ್‌ನಲ್ಲಿ ನನ್ನಂಥೋರು ಕೂತಿರ್ತೀವಿ. ಗರ್ಭ ನಿಲ್ಲೋಕೆ ಕೊಡೋ ಪ್ರೊಜೆಸ್ಟೆರಾನ್ ಎಣ್ಣೆ ಇಂಜೆಕ್ಷನ್‌ಗೆ ಸೊಂಟದ ಕೆಳಗೆ ಗಂಟು ಗಂಟಾಗಿತ್ತು, ಅದೂ ಮರ್ತೋಯ್ತು. ಮರೆಯೋಕಾಗದೇ ಇರೋದು ರಿಪೋರ್ಟ್ ದಿನ ಬೆಳಗ್ಗೆಯಿಂದ ಫೋನ್ ಕೈಯಲ್ಲೇ ಹಿಡ್ಕೊಂಡು ಬಾತ್ರೂಮಿಗೂ ತಗೊಂಡು ಹೋಗಿದ್ದು. ಖಾಲಿ ಬಾಟ್ಲಿಗಳನ್ನ ಎರಡು ವರ್ಷ ಎಸೀಲಿಲ್ಲ, ಯಾಕೆ ಅಂತ ಈಗ್ಲೂ ಹೇಳಕ್ಕಾಗಲ್ಲ.

ಗದಗ_ರಂಗ:
ಅಕ್ಕಾರ, ಉತ್ತರ ನಿಮ್ಮ ಪ್ರಶ್ನೆಯೊಳಗ ಐತಿ. ಉಡಿ ತುಂಬಲಿಲ್ಲ ಅಂದ್ರಲ್ಲ, ಸ್ಟೇಜ್ ಮ್ಯಾಲೆ ನೀವ ತುಂಬ್ಕೋರಿ. ಅಕ್ಕಿ, ಕೊಬ್ರಿ, ಉತ್ತತ್ತಿ ಬದಲಿ ಆ ಖಾಲಿ ಬಾಟ್ಲಿ. ಬೀಸೋ ಕಲ್ಲಿನ ಹಾಡಿನ್ಯಾಗ ಮಕ್ಕಳಿಲ್ಲದಾಕಿ ಬಾಳನ್ನ ಬಾಡಿಗಿ ಎತ್ತಿನ ದುಡಿತಕ್ಕ ಹೋಲಿಸ್ತಾರ, ನಮ್ಮ ಅವ್ವ ಹಾಡತಿದ್ಲು, ಅದನ್ನ ಕೇಳಿದ್ರ ನನಗ ಈಗ್ಲೂ ಸಿಟ್ಟು ಬರ್ತೈತಿ. ಆ ಹಾಡಿಗೆ ನೀವು ಉತ್ತರ ಕೊಡ್ರಿ. ಮತ್ತ ಗಂಡ ಎಲ್ಲಿ ಅದಾನ್ರಿ ಇದರಾಗ?

ಧಾರವಾಡದಾಕಿ:
ನಿನ್ನೆ ರಾತ್ರಿ ಸೆರಗಿನ್ಯಾಗ ಬಾಟ್ಲಿ ತುಂಬ್ಕೊಂಡು ಎದ್ದು ನಾಕು ಹೆಜ್ಜಿ ನಡದೆ. ಗಾಜಿನ ಸಪ್ಪಳ ಇಡೀ ಮನಿ ಕೇಳ್ತು. ಸೂಜಿ ಕೈ ಬಿಟ್ಟೆ, ಡೈರೆಕ್ಟರ್‌ಗೂ ಹೇಳೇನಿ. ನಮ್ಮ ಮನಿಯವರು ಬಾಗಿಲದಾಗ ನಿಂತು ನೋಡಾಕತ್ತಿದ್ರು, ಮೂರೂ ಸಲ ದಿನಾ ಇಂಜೆಕ್ಷನ್ ಕೊಟ್ಟಾವರು ಅವರ. ಒಂದು ಬಾಟ್ಲಿ ಕೆಳಗ ಬಿತ್ತು, ಎತ್ತಿ ಉಡಿಯೊಳಗ ಹಾಕಿದ್ರು.