ಸಜ್ಜಾ ಅಂಚಿನ ಕಪ್ಪು ಕಲೆ ತೊಳೆದರೆ ಹೋಗುತ್ತಾ, ಪೇಂಟೇ ಹೊಡೆಸಬೇಕಾ?

ಕೋಟೆಬೀದಿ:
ನಮಸ್ಕಾರ. ಕೋಲಾರದಲ್ಲಿ ನಮ್ಮ ಮನೆ 2016ರಲ್ಲಿ ಕಟ್ಟಿದ್ದು. ಗೋಡೆ ಚೆನ್ನಾಗಿಯೇ ಇದೆ, ಹೊರಗಿನ ಅಂಚುಗಳದ್ದೇ ತಲೆನೋವು. ಸಜ್ಜಾ ತುದಿ, ಕಿಟಕಿ ಸುತ್ತ ಗಾರೆಯಲ್ಲಿ ಎಬ್ಬಿಸಿದ ಪಟ್ಟಿ, ಪ್ಯಾರಪೆಟ್ ಮೇಲ್ಭಾಗ, ಎಲ್ಲಾ ಕ್ರೀಮ್ ಬಣ್ಣ. ಈಗ ಕಪ್ಪು ಗೆರೆ ಇಳಿದು, ಅತ್ತ ಮಗುವಿನ ಕಾಡಿಗೆ ಕೆನ್ನೆಗೆ ಹರಿದ ಹಾಗಿದೆ. ಒಂದೆರಡು ಕಡೆ ಬಿಳಿ ಪುಡಿಯೂ ಎದ್ದಿದೆ. ಪೇಂಟರ್ ಬಂದು ನೋಡಿ, ಆಸಿಡ್ ಹಾಕಿ ತೊಳೆದು ಎರಡು ಕೋಟ್ ಹೊಡೆಯೋಣ ಅಂದರು. ಕಾರು ತೊಳೆಯುವವರು ಪ್ರೆಷರ್ ಮೆಷಿನ್ ತಂದು ಬೆಳಗ್ಗೆನೇ ಮುಗಿಸ್ತೀವಿ ಅಂತಾರೆ. ದೀಪಾವಳಿಗೆ ಮುಂಚೆ ಆಗಬೇಕು, ಸುಮ್ನೆ ದುಡ್ಡು ಸುರಿಯೋಕೆ ಮನಸ್ಸಿಲ್ಲ. ಏನು ಮಾಡಲಿ?

ಮಾವಿನತೋಪು:
ಕಪ್ಪಗಿರೋದು ಧೂಳೋ ಪಾಚಿಯೋ ಮೊದಲು ನೋಡಿ ಸರ್. ಬಿಳಿ ಬಟ್ಟೆಗೆ ಹಾಕುವ ಬ್ಲೀಚ್ ಒಂದೆರಡು ತೊಟ್ಟು ಕಲೆ ಮೇಲೆ ಹಚ್ಚಿ. ಸ್ವಲ್ಪ ಹೊತ್ತಿಗೆ ತಿಳಿಯಾದರೆ ಪಾಚಿ. ಹಾಗೇ ಇದ್ದರೆ ಧೂಳು, ಅದಕ್ಕೆ ಸೋಪಿನ ನೀರು, ನೈಲಾನ್ ಬ್ರಷ್ ಸಾಕು. ನಮ್ಮ ಕಡೆ ಸೆಪ್ಟೆಂಬರ್, ಅಕ್ಟೋಬರ್ ಮಳೆನೇ ಜಾಸ್ತಿ ಅಲ್ವಾ, ಬಿಸಿಲು ಕಡಿಮೆ ಬೀಳುವ ಕಡೆ ಅಂಚು ಒಣಗುವುದೇ ಇಲ್ಲ, ಅಲ್ಲೇ ಪಾಚಿ ಕೂರುತ್ತೆ.

ಪಾಚಿ ಆದರೆ ಒಂದು ಪಾಲು ಬ್ಲೀಚಿಗೆ ನಾಲ್ಕು ಪಾಲು ನೀರು. ಬ್ಲೀಚಿಂಗ್ ಪೌಡರ್ ಆದರೆ ಬಕೆಟ್ಟಿನಲ್ಲಿ ಕದಡಿ, ಗಸಿ ಕೂತ ಮೇಲೆ ತಿಳಿ ಮಾತ್ರ ತಗೊಳ್ಳಿ. ಗಸಿ ಸೇರಿದರೆ ಬಿಳಿ ಕಲೆ ಬೇರೆ ಅಂಟುತ್ತೆ. ಕೆಳಗಿನಿಂದ ಮೇಲಕ್ಕೆ ಹಚ್ಚಿ, 10-15 ನಿಮಿಷ ಬಿಟ್ಟು, ಒಣಗುವ ಮುಂಚೆ ಮೇಲಿನಿಂದ ತೊಳೆಯಿರಿ. ಬಿಸಿಲು ಏರಿದ ಮೇಲೆ ಬೇಡ. ಕೆಳಗಿನ ಗಿಡಗಳಿಗೆ ಮೊದಲೇ ಚೆನ್ನಾಗಿ ನೀರು ಹಾಕಿ. ಗ್ರಿಲ್‌ಗೂ ತೇಗದ ಚೌಕಟ್ಟಿಗೂ ತಾಗಿಸಬೇಡಿ. ಕೈಗೆ ಗ್ಲೌಸ್, ಕಣ್ಣಿಗೆ ಕನ್ನಡಕ ಮರೀಬೇಡಿ.

ಬಣ್ಣದ ಡಬ್ಬಿ:
ಪೇಂಟ್ ಕೆಲಸದವನೇ ಹೇಳ್ತಿದೀನಿ, ಆಸಿಡ್ ಬೇಡ ಅಣ್ಣ. ಅದು ಸಿಮೆಂಟನ್ನೇ ತಿನ್ನುತ್ತೆ, ಪಟ್ಟಿಯ ಚೂಪು ಅಂಚು ಮೊಂಡಾಗುತ್ತೆ, ಗ್ರಿಲ್ ತುಕ್ಕು ಹಿಡಿಯುತ್ತೆ. ಬ್ಲೀಚ್ ಹಾಕಿದ ಜಾಗಕ್ಕೆ ಆಸಿಡ್ ಬಿದ್ದರಂತೂ ಕ್ಲೋರಿನ್ ಗ್ಯಾಸ್ ಏಳುತ್ತೆ. ಏಣಿ ಮೇಲೆ ನಿಂತವನ ಗತಿ?

ಬಿಳಿ ಪುಡಿ ಕಥೆ ಬೇರೆ. ಗಾರೆಯೊಳಗೆ ಹೊಕ್ಕ ನೀರು ಉಪ್ಪನ್ನು ಕರಗಿಸಿ ಹೊರಗೆ ತರುತ್ತೆ, ನೀರು ಆರಿ ಉಪ್ಪು ಉಳಿಯುತ್ತೆ. ನೀರು ಹಾಕಿದರೆ ಕರಗಿ ಮತ್ತೆ ಒಳಗೇ ಹೋಗುತ್ತೆ, ಒಣ ಬ್ರಷ್‌ನಲ್ಲೇ ಉದುರಿಸಿ. ಆಮೇಲೆ ಅದರ ಮೇಲ್ಗಡೆ ನೋಡಿ, ಸಜ್ಜಾ ಮೇಲೆ ನೀರು ನಿಲ್ಲುತ್ತಾ, ಪ್ಯಾರಪೆಟ್ ಬಿರುಕು ಬಿಟ್ಟಿದೆಯಾ, ಹೂಕುಂಡ ಇಟ್ಟಿದೀರಾ ಅಂತ. ಅದನ್ನು ಸರಿ ಮಾಡದೆ ಪೇಂಟ್ ಹೊಡೆದರೆ ಪೇಂಟೇ ಉಬ್ಬಿ ಏಳುತ್ತೆ. ಬಿರುಕಿದ್ದರೆ ಪ್ರೆಷರ್ ಮೆಷಿನ್ ಹತ್ತಿರವೂ ಬಿಡಬೇಡಿ, ನೀರನ್ನು ಒಳಗೇ ತಳ್ಳುತ್ತೆ.

ರೇಷ್ಮೆಗೂಡು:
ಕೊನೆಗೆ ತೊಳೆಯೋ ನೀರೂ ಮುಖ್ಯ ಸರ್. ನಮ್ಮ ಬೋರ್ ನೀರು ಗಡಸು, ಹಾಗೇ ಆರಲು ಬಿಟ್ಟರೆ ಕಿಟಕಿ ಗಾಜಿನ ಮೇಲೆ, ಗ್ರಾನೈಟ್ ಮೇಲೆ ಬಿಳಿ ಚುಕ್ಕಿ ಉಳಿಯುತ್ತೆ. ಮಳೆನೀರು ಹಿಡಿದಿದ್ದರೆ ಅದನ್ನೇ ಹಾಕಿ, ಇಲ್ಲದಿದ್ದರೆ ತಕ್ಷಣ ಒಣ ಬಟ್ಟೆಯಲ್ಲಿ ಒರೆಸಿ. ಸೀಮೆಸುಣ್ಣ, ಹುಣಸೆಹಣ್ಣು ಅಂತ ವಿಡಿಯೋ ನೋಡಿ ಶುರು ಹಚ್ಕೋಬೇಡಿ.

ಕೋಟೆಬೀದಿ:
ಬ್ಲೀಚ್ ಹಚ್ಚಿ ನೋಡಿದೆ, ತಿಳಿಯಾಯಿತು. ಪಾಚಿನೇ. ಬಿಳಿ ಪುಡಿ ಇರೋದು ಸರಿಯಾಗಿ ಹೂಕುಂಡದ ಕೆಳಗೇ! ಹಾಗಾದರೆ ಪೇಂಟ್ ಬೇಡ್ವಾ?

ಬಣ್ಣದ ಡಬ್ಬಿ:
ತೊಳೆದು ಚೆನ್ನಾಗಿ ಒಣಗಲಿ. ಅಂಗೈಯಲ್ಲಿ ಒರೆಸಿ ನೋಡಿ. ಕೈಗೆ ಪುಡಿ ಅಂಟಿದರೆ ಪೇಂಟ್ ಸತ್ತಿದೆ, ಪ್ರೈಮರ್ ಹೊಡೆದು ಎಕ್ಸ್‌ಟೀರಿಯರ್ ಎಮಲ್ಷನ್ ಎರಡು ಕೋಟ್ ಹೊಡೆಸಿ. ಅಂಟದಿದ್ದರೆ ಈ ವರ್ಷ ಹಾಗೇ ಬಿಡಿ. ಏಣಿ ಹತ್ತಿದಾಗ ಸಜ್ಜಾ ಅಂಚಿನ ಅಡಿಗೆ ಬೆರಳಾಡಿಸಿ, ಉದ್ದಕ್ಕೆ ಕಾಲುವೆ ಥರ ಸಣ್ಣ ತೋಡು ಇರಬೇಕು. ಮಳೆನೀರು ಅಲ್ಲೇ ತೊಟ್ಟಿಕ್ಕಿ ಬೀಳೋದು. ಅದು ಪುಟ್ಟಿಯಿಂದ ಮುಚ್ಚಿಹೋಗಿದ್ದರೆ ನೀರು ಸಜ್ಜಾ ಅಡಿಯಿಂದ ಗೋಡೆಗೇ ಹರಿಯುತ್ತೆ. ಮೇಸ್ತ್ರಿಗೆ ಹೇಳಿ ಬಿಡಿಸಿಕೊಳ್ಳಿ.