ಗಾಡಿ ನಿಲ್ಲುವ ಹೊತ್ತಿಗೆ ಬ್ರೇಕ್ ಪೆಡಲ್ ಕರಕರ, ಎಬಿಎಸ್ ದೀಪ ಬಂದು ಹೋಗುತ್ತದೆ. ನಾಲ್ಕೂ ಸೆನ್ಸರ್ ಬದಲಾಯಿಸಬೇಕಾ?

ಪುತ್ತೂರು ಪಯಣ

ಎಲ್ಲರಿಗೂ ನಮಸ್ಕಾರ. ನನ್ನದು 2010ರ ಡೀಸೆಲ್ ಸೆಡಾನ್, ಸೆಕೆಂಡ್ ಹ್ಯಾಂಡ್ ತೆಗೆದುಕೊಂಡದ್ದು, 1.4 ಲಕ್ಷ ಕಿ.ಮೀ. ಓಡಿದೆ. ಟಾಪ್ ಮಾಡೆಲ್ ಆದ್ದರಿಂದ ಎಬಿಎಸ್ (ಬ್ರೇಕ್ ಹಾಕಿದಾಗ ಚಕ್ರ ಲಾಕ್ ಆಗದಂತೆ ತಡೆಯುವ ವ್ಯವಸ್ಥೆ) ಇದೆ. ಮಳೆ ಶುರುವಾದಾಗಿನಿಂದ ಒಂದು ತೊಂದರೆ. ಸ್ಟಾರ್ಟ್ ಮಾಡಿದಾಗ ಎಬಿಎಸ್ ದೀಪ ಬಂದು ಸರಿಯಾಗಿಯೇ ಆರುತ್ತದೆ. ಸ್ವಲ್ಪ ದೂರ ಹೋದ ಮೇಲೆ ಮತ್ತೆ ಹತ್ತಿಕೊಳ್ಳುತ್ತದೆ. ಆಫ್ ಮಾಡಿ ಸ್ಟಾರ್ಟ್ ಮಾಡಿದರೆ ಹೋಗುತ್ತದೆ, ಆಮೇಲೆ ಪುನಃ ಬರುತ್ತದೆ.

ದೀಪ ಇಲ್ಲದಿರುವಾಗ ಇನ್ನೊಂದು ಕಾಟ. ಹಂಪ್ ಹತ್ತಿರವೋ ಜಂಕ್ಷನ್‌ನಲ್ಲೋ ಮೆಲ್ಲಗೆ ಬ್ರೇಕ್ ಒತ್ತಿ, ಇನ್ನೇನು ಗಾಡಿ ನಿಲ್ಲಬೇಕು ಅನ್ನುವಾಗ ಪೆಡಲ್ ಕಾಲಿನ ಕೆಳಗೆ ಕರಕರ ಅಂತ ನಡುಗುತ್ತದೆ, ಗಾಡಿ ನಾನು ಅಂದುಕೊಂಡ ಜಾಗಕ್ಕಿಂತ ಸ್ವಲ್ಪ ಮುಂದೆ ಹೋಗಿ ನಿಲ್ಲುತ್ತದೆ. ಒಣ ರಸ್ತೆಯಲ್ಲೂ ಹೀಗೇ. ದೀಪ ಹತ್ತಿಕೊಂಡಿದ್ದಾಗ ಮಾತ್ರ ಈ ಕರಕರ ಇಲ್ಲವೇ ಇಲ್ಲ.

ಒಂದು ಗ್ಯಾರೇಜಿನವರು ಫ್ಯೂಸ್ ಕಿತ್ತುಬಿಡಿ, ಎಬಿಎಸ್ ಇಲ್ಲದ ಗಾಡಿ ಎಷ್ಟಿಲ್ಲ ಅಂದರು. ಇನ್ನೊಬ್ಬರು ಚಕ್ರದ ವೇಗ ಅಳೆಯುವ ನಾಲ್ಕೂ ಸೆನ್ಸರ್ ಒಟ್ಟಿಗೆ ಬದಲಾಯಿಸಿ ಅಂದರು, ಏನನ್ನೂ ಬಿಚ್ಚಿ ನೋಡದೆ. ನನ್ನ ಹತ್ತಿರ ಗಾಡಿಯ ದೋಷದ ಕೋಡ್ ಓದಲು ಮೊಬೈಲಿಗೆ ಜೋಡಿಸುವ ಸಣ್ಣ ಬ್ಲೂಟೂತ್ ಒಬಿಡಿ ಇದೆ, ಅದರಲ್ಲಿ ಯಾವ ಕೋಡೂ ಬರುತ್ತಿಲ್ಲ. ಆಗಾಗ ಶಿರಾಡಿ ಹತ್ತಿ ಹಾಸನಕ್ಕೆ ಹೋಗುವವನು ನಾನು, ಮನೆಯವರು ಮಕ್ಕಳೆಲ್ಲ ಜೊತೆಗಿರುತ್ತಾರೆ, ಹಾಗಾಗಿ ಸುಮ್ನೆ ಬಿಡಲು ಮನಸ್ಸಿಲ್ಲ. ಮಳೆಗೆ ಮುಂಚೆ ಮುಂದಿನ ಎಡ ಚಕ್ರದ ಬೇರಿಂಗ್ ಬದಲಾಯಿಸಿದ್ದೆ, ಅದಕ್ಕೂ ಇದಕ್ಕೂ ಸಂಬಂಧ ಇದೆಯಾ ಗೊತ್ತಿಲ್ಲ. ಎಲ್ಲಿಂದ ಶುರು ಮಾಡಲಿ?

ಹಳೇ ಪಾನಾ

ಸೆನ್ಸರ್ ಕೊಳ್ಳಬೇಡಿ, ಈಗಲೇ ಬೇಡ. ದೀಪ ಹತ್ತಿತು ಅಂದರೆ ಒಂದು ಚಕ್ರದ ಸುದ್ದಿ ಕಂಪ್ಯೂಟರ್‌ಗೆ ಸರಿಯಾಗಿ ಮುಟ್ಟುತ್ತಿಲ್ಲ ಅಂತ ಅಷ್ಟೇ ಅರ್ಥ. ಸೆನ್ಸರ್, ಅದರ ವೈರು, ಕನೆಕ್ಟರ್, ಎದುರಿಗೆ ಚಕ್ರದ ಜೊತೆ ತಿರುಗುವ ಹಲ್ಲಿನ ರಿಂಗ್, ಬೇರಿಂಗ್‌ನ ಸಡಿಲ, ಇಷ್ಟರಲ್ಲಿ ಯಾವುದೂ ಆಗಿರಬಹುದು. ನಾಲ್ಕೂ ಒಟ್ಟಿಗೆ ಕೆಟ್ಟದ್ದನ್ನು ನಾನಂತೂ ನೋಡಿಲ್ಲ.

ನೀವು ಹೇಳಿದ ಲಕ್ಷಣದಲ್ಲೇ ಅರ್ಧ ಉತ್ತರ ಇದೆ. ವೈರು ಪೂರ್ತಿ ತುಂಡಾಗಿದ್ದರೆ ಕಂಪ್ಯೂಟರ್‌ಗೆ ತಕ್ಷಣ ಗೊತ್ತಾಗುತ್ತದೆ, ಸ್ಟಾರ್ಟ್ ಮಾಡಿದಾಗಲೇ ದೀಪ ಆರದೆ ಉರಿಯುತ್ತಲೇ ಇರುತ್ತದೆ, ಎಬಿಎಸ್ ತಾನೇ ಹಿಂದೆ ಸರಿಯುತ್ತದೆ. ನಿಮ್ಮದರಲ್ಲಿ ಹಾಗಾಗುತ್ತಿಲ್ಲ. ಸಿಗ್ನಲ್ ಬರುತ್ತಿದೆ, ಆದರೆ ಸುಳ್ಳು ಹೇಳುತ್ತಿದೆ. ಮೂರು ಚಕ್ರ 8 ಕಿ.ಮೀ. ವೇಗ ಅನ್ನುತ್ತಿರುವಾಗ ನಾಲ್ಕನೆಯದು ಇದ್ದಕ್ಕಿದ್ದಂತೆ 2 ಅಂದರೆ, ಆ ಚಕ್ರ ಲಾಕ್ ಆಯಿತು ಅಂತ ತಿಳಿದು ಎಬಿಎಸ್ ಆ ಚಕ್ರದ ಬ್ರೇಕನ್ನು ಬಿಟ್ಟು ಬಿಟ್ಟು ಹಿಡಿಯುತ್ತದೆ. ಅದೇ ನಿಮ್ಮ ಕರಕರ. ಗಾಡಿ ಮುಂದೆ ಸರಿಯುವುದೂ ಅದಕ್ಕೇ. ದೀಪ ಹತ್ತಿದ ಮೇಲೆ ಎಬಿಎಸ್ ಬಂದ್, ಹಾಗಾಗಿ ಕರಕರವೂ ಬಂದ್.

2010ರ ಗಾಡಿ ಅಂದರೆ ಎರಡು ಜಾತಿಯ ಸೆನ್ಸರ್‌ಗಳಲ್ಲಿ ಯಾವುದೂ ಇರಬಹುದು. ಹಳೇ ಜಾತಿಯದು ಒಂದು ಅಯಸ್ಕಾಂತ, ಅದರ ಸುತ್ತ ತಾಮ್ರದ ಸುರುಳಿ. ಎದುರು ಹಲ್ಲಿನ ರಿಂಗ್ ತಿರುಗಿದರೆ ತಾನೇ ಎಸಿ ಕರೆಂಟ್ ಹುಟ್ಟಿಸುತ್ತದೆ. ಹೊಸ ಜಾತಿಯದಕ್ಕೆ ಹೊರಗಿನಿಂದ ಕರೆಂಟ್ ಬೇಕು. ಯಾವುದು ಅಂತ ತಿಳಿಯಲು ಸೆನ್ಸರ್ ಕನೆಕ್ಟರ್ ಬಿಚ್ಚಿ, ಕೀ ಆನ್ ಮಾಡಿ, ಗಾಡಿ ಕಡೆಯ ವೈರಿನಲ್ಲಿ ಡಿಸಿ ವೋಲ್ಟ್ ನೋಡಿ. ಬ್ಯಾಟರಿಗೆ ಹತ್ತಿರದ ವೋಲ್ಟ್ ಬಂದರೆ ಹೊಸ ಜಾತಿ. ಹೊಸ ಜಾತಿಯದಕ್ಕೆ ಓಮ್ ಮೀಟರ್ ಹಿಡಿಯಲೇಬೇಡಿ, ಅದರಿಂದ ಏನೂ ತಿಳಿಯುವುದಿಲ್ಲ, ಒಳಗಿನ ಚಿಪ್ಪಿಗೆ ಏಟು ಬೀಳುವ ಸಾಧ್ಯತೆಯೂ ಇದೆ.

ಹಳೇ ಜಾತಿಯದಾದರೆ ಮೊದಲು ಓಮ್ ನೋಡಿ. ಸಾಮಾನ್ಯವಾಗಿ 800ರಿಂದ 2000 ಓಮ್ ಒಳಗೆ ಇರುತ್ತದೆ. ಅಂಕಿಗಿಂತ ಮುಖ್ಯ ಎಡ ಬಲ ಎರಡೂ ಹೆಚ್ಚು ಕಡಿಮೆ ಒಂದೇ ಇರುವುದು. ಆಮೇಲೆ ಆ ಚಕ್ರವನ್ನು ಜಾಕಿ ಮೇಲೆ ಎತ್ತಿ, ಕೆಳಗೆ ಸ್ಟ್ಯಾಂಡ್ ಕೊಟ್ಟು, ಗೇರ್ ನ್ಯೂಟ್ರಲ್ ಮಾಡಿ, ಮೀಟರನ್ನು ಎಸಿ ವೋಲ್ಟ್‌ಗೆ ಇಟ್ಟು ಚಕ್ರವನ್ನು ಕೈಯಲ್ಲಿ ಒಂದೇ ಸಮ ತಿರುಗಿಸಿ. ಒಳ್ಳೆಯ ಸೆನ್ಸರ್ ಆದರೆ ವೋಲ್ಟ್ ನಿಧಾನಕ್ಕೆ ಏರಿ, ವೇಗ ಇಳಿದಂತೆ ಇಳಿಯುತ್ತದೆ. ಒಂದು ಸುತ್ತಿಗೊಮ್ಮೆ ಅದೇ ಜಾಗದಲ್ಲಿ ಅಂಕಿ ಹಾರಿದರೆ ರಿಂಗ್ ನೋಡಿ, ಸೆನ್ಸರ್ ಅಲ್ಲ.

ಆ ಬೇರಿಂಗ್ ಕೆಲಸದ ಮೇಲೆ ನನಗೆ ಅನುಮಾನ ಇದೆ. ಬೇರಿಂಗ್ ತೆಗೆಯಲು ಡ್ರೈವ್ ಶಾಫ್ಟ್ (ಚಕ್ರವನ್ನು ತಿರುಗಿಸುವ ದಂಡ) ಹೊರಗೆ ಹೊಡೆಯಬೇಕು. ಹಲವು ಹಳೇ ಗಾಡಿಗಳಲ್ಲಿ ಹಲ್ಲಿನ ರಿಂಗ್ ಕೂತಿರುವುದು ಆ ಶಾಫ್ಟಿನ ತುದಿಯ ಜಾಯಿಂಟ್ ಮೇಲೇ.

ತೋಟದ ಮನೆ

ಪಾನಾ ಅವರು ಹೇಳಿದ್ದು ಸರಿ. ಆದರೆ ಬಿಚ್ಚುವ ಮೊದಲು ಟಾರ್ಚ್ ಹಿಡಿದು ವೈರು ಒಂದು ಸಲ ನೋಡಿಬಿಡಿ. ನಮ್ಮ ಕಡೆ ಅಡಿಕೆ ಸುಲಿಯುವ ಶೆಡ್ಡಿನಲ್ಲಿ ಗಾಡಿ ನಿಲ್ಲಿಸುತ್ತೇವೆ, ಹಿಂದಿನ ಚಕ್ರದ ಸೆನ್ಸರ್ ವೈರನ್ನು ಇಲಿ ಕಡಿದಿತ್ತು. ಮುಂದಿನ ಚಕ್ರದ್ದಾದರೆ ಸ್ಟ್ರಟ್ (ಶಾಕ್ ಅಬ್ಸಾರ್ಬರ್ ಕಂಬ) ಹತ್ತಿರ ವೈರು ಬಾಗುವ ಜಾಗ ನೋಡಿ. ಸ್ಟೀರಿಂಗ್ ತಿರುಗಿಸಿದಾಗಲೆಲ್ಲ ಅಲ್ಲೇ ಮಡಚುತ್ತದೆ, ಮೇಲಿನ ರಬ್ಬರ್ ಚೆನ್ನಾಗಿಯೇ ಇರುತ್ತದೆ, ಒಳಗೆ ತಾಮ್ರದ ಎಳೆ ತುಂಡಾಗಿರುತ್ತದೆ. ಮೀಟರ್ ಹಿಡಿದುಕೊಂಡೇ ಇನ್ನೊಬ್ಬರಿಂದ ಸ್ಟೀರಿಂಗ್ ಪೂರ್ತಿ ಎಡಕ್ಕೆ ಪೂರ್ತಿ ಬಲಕ್ಕೆ ತಿರುಗಿಸಿ, ವೈರು ಅಲ್ಲಾಡಿಸಿ ನೋಡಿ. ಕನೆಕ್ಟರ್ ಬಿಚ್ಚಿದಾಗ ಪಿನ್ ಮೇಲೆ ಹಸಿರು ಕಿಲುಬು ಕಂಡರೆ ಕಾಂಟ್ಯಾಕ್ಟ್ ಕ್ಲೀನರ್ ಹೊಡೆದು ಒಣಗಿಸಿ. ಕರಾವಳಿ ಮಳೆಗೆ ಇದು ಜಾಸ್ತಿ.

ಟೈರುಗಳ ಸೈಜ್ ಕೂಡ ನೋಡಿ. ಒಂದು ಚಕ್ರಕ್ಕೆ ಬೇರೆ ಸೈಜಿನ ಟೈರ್ ಹಾಕಿದ್ದರೂ ಅದರ ವೇಗ ಬೇರೆಯಾಗಿ ಕಂಡು ದೀಪ ಬರುತ್ತದೆ.

ವಿಜಯನಗರ ವೈರಿಂಗ್

ಬ್ಲೂಟೂತ್ ಒಬಿಡಿಯಲ್ಲಿ ಕೋಡ್ ಬರಲಿಲ್ಲ ಅಂತ ಕೋಡ್ ಇಲ್ಲ ಅಂದುಕೊಳ್ಳಬೇಡಿ. ಅಗ್ಗದ ಅಡಾಪ್ಟರ್ ಮತ್ತು ಪುಕ್ಕಟೆ ಆ್ಯಪ್ ಹೆಚ್ಚಾಗಿ ಎಂಜಿನ್ ಕೋಡ್ ಮಾತ್ರ ಓದುತ್ತವೆ, ಅಂದರೆ ‘ಪಿ’ಯಿಂದ ಶುರುವಾಗುವವು. ಎಬಿಎಸ್ ಕೋಡ್ ‘ಸಿ’ಯಿಂದ ಶುರುವಾಗುತ್ತದೆ. ಎಬಿಎಸ್ ಮಾಡ್ಯೂಲ್ ಓದುವ ಸ್ಕ್ಯಾನರ್ ಇರುವ ಆಟೋ ಎಲೆಕ್ಟ್ರಿಷಿಯನ್ ಹತ್ತಿರ ಹೋಗಿ. ಸಿ0035 ಮುಂದಿನ ಎಡ, ಸಿ0040 ಮುಂದಿನ ಬಲ, ಸಿ0045 ಹಿಂದಿನ ಎಡ, ಸಿ0050 ಹಿಂದಿನ ಬಲ. ಕೆಲವು ಕಂಪನಿಗಳು ತಮ್ಮದೇ ನಂಬರ್ ಇಟ್ಟುಕೊಂಡಿರುತ್ತವೆ, ಅದು ಬೇರೆ.

ಕೋಡ್ ಓದಿ ಬಂದುಬಿಡಬೇಡಿ. ಲೈವ್ ಡೇಟಾ ನೋಡಲು ಕೇಳಿ. ನಾಲ್ಕೂ ಚಕ್ರದ ವೇಗ ಒಟ್ಟಿಗೆ ಕಾಣುತ್ತದೆ. ಖಾಲಿ ನೇರ ರಸ್ತೆಯಲ್ಲಿ 30ರಲ್ಲಿ ಹೋಗಿ, ಬ್ರೇಕ್ ಮುಟ್ಟದೆ ಗಾಡಿ ತಾನಾಗಿ ನಿಧಾನವಾಗಲು ಬಿಡಿ. ಪಕ್ಕದಲ್ಲಿ ಕೂತವರು ಸ್ಕ್ರೀನ್ ನೋಡಲಿ, ನೀವು ರಸ್ತೆ ನೋಡಿ. ಹಳೇ ಜಾತಿಯ ಸೆನ್ಸರ್ 5 ಕಿ.ಮೀ. ಆಸುಪಾಸಿನಲ್ಲಿ ಹೇಗೂ ಸೊನ್ನೆ ತೋರಿಸುತ್ತದೆ, ಅಷ್ಟು ನಿಧಾನಕ್ಕೆ ತಿರುಗಿದರೆ ಅದು ಹುಟ್ಟಿಸುವ ವೋಲ್ಟ್ ಸಾಲುವುದಿಲ್ಲ. ಆದರೆ ಮೂರು ಇನ್ನೂ 10 ಅನ್ನುವಾಗ ಒಂದು ಸೊನ್ನೆಗೆ ಬಿದ್ದರೆ ಕಳ್ಳ ಸಿಕ್ಕಿದ ಹಾಗೆ.

ಫ್ಯೂಸ್ ಕೀಳುವ ಸಲಹೆಗೆ ನನ್ನ ವಿರೋಧ ಇದೆ. ಎಬಿಎಸ್ ಫ್ಯೂಸ್ ಕಿತ್ತರೆ ಜೊತೆಗೆ ಇಬಿಡಿಯೂ ಹೋಗುತ್ತದೆ. ಬ್ರೇಕ್ ಹಾಕಿದಾಗ ಭಾರ ಮುಂದಕ್ಕೆ ವಾಲಿ ಹಿಂದಿನ ಚಕ್ರ ಹಗುರವಾಗುತ್ತದಲ್ವಾ, ಆಗ ಹಿಂದಿನ ಬ್ರೇಕನ್ನು ಅಳತೆಯಲ್ಲಿ ಇಡುವುದು ಅದೇ. ಶಿರಾಡಿಯ ಒದ್ದೆ ತಿರುವಿನಲ್ಲಿ ಇಳಿಯುವಾಗ ಹಿಂದಿನ ಚಕ್ರ ಮೊದಲು ಲಾಕ್ ಆದರೆ ಗಾಡಿಯ ಹಿಂಭಾಗ ತಿರುಗಿಬಿಡುತ್ತದೆ. ಎಬಿಎಸ್ ಇಲ್ಲದ ಮಾಡೆಲ್‌ಗಳಲ್ಲಿ ಈ ಕೆಲಸಕ್ಕೆ ಬೇರೆ ವಾಲ್ವ್ ಕೊಟ್ಟಿರುತ್ತಾರೆ, ನಿಮ್ಮದರಲ್ಲಿ ಅದು ಇರಲಿಕ್ಕಿಲ್ಲ. ಹಾಗಾಗಿ ‘ಎಬಿಎಸ್ ಇಲ್ಲದ ಗಾಡಿ ಎಷ್ಟಿಲ್ಲ’ ಅನ್ನುವ ಮಾತು ಇಲ್ಲಿ ನಿಲ್ಲುವುದಿಲ್ಲ.

ಹಳೇ ಪಾನಾ

@ವಿಜಯನಗರ ವೈರಿಂಗ್, ಫ್ಯೂಸ್ ವಿಷಯ ಒಪ್ಪಿದೆ. ಆದರೆ ರಿಪೇರಿ ಆಗುವವರೆಗೆ ಅವರು ಆ ಕರಕರದ ಜೊತೆ ಓಡಿಸುವುದೂ ಅಪಾಯವೇ, ಎದುರು ಮಗು ಅಡ್ಡ ಬಂದಾಗ ಆ ಒಂದಡಿ ಮುಂದೆ ಹೋಗುವುದು ಸಣ್ಣ ವಿಷಯ ಅಲ್ಲ. ನಾನಾದರೆ ಫ್ಯೂಸ್ ಮುಟ್ಟದೆ, ಅನುಮಾನ ಇರುವ ಆ ಒಂದು ಸೆನ್ಸರ್‌ನ ಕನೆಕ್ಟರ್ ಮಾತ್ರ ಬಿಚ್ಚಿ ನೀರು ಹೋಗದಂತೆ ಕಟ್ಟಿಡುತ್ತೇನೆ. ಬಹಳಷ್ಟು ಗಾಡಿಗಳಲ್ಲಿ ಒಂದು ಸೆನ್ಸರ್ ಹೋದರೆ ಎಬಿಎಸ್ ನಿಲ್ಲುತ್ತದೆ, ಇಬಿಡಿ ಮಿಕ್ಕ ಮೂರರ ಮೇಲೆ ನಡೆಯುತ್ತದೆ. ಕೀ ಆನ್ ಮಾಡಿ ನೋಡಿ: ಎಬಿಎಸ್ ದೀಪ ಮಾತ್ರ ಇದ್ದರೆ ಸರಿ, ಹ್ಯಾಂಡ್‌ಬ್ರೇಕ್ ಇಳಿಸಿದ ಮೇಲೂ ಕೆಂಪು ಬ್ರೇಕ್ ದೀಪ ಜೊತೆಗೆ ಉರಿಯುತ್ತಿದ್ದರೆ ಇಬಿಡಿಯೂ ಹೋಗಿದೆ ಅಂತ, ಆಗ ಘಾಟಿಗೆ ಹೋಗಲೇಬೇಡಿ.

ಒಂದು ಎಚ್ಚರಿಕೆ. ಯಾವ ಸೆನ್ಸರ್ ಬಿಚ್ಚಿದರೂ ಎಬಿಎಸ್ ಪೂರ್ತಿ ನಿಲ್ಲುತ್ತದೆ. ಆದ್ದರಿಂದ ‘ಇದನ್ನು ಬಿಚ್ಚಿದೆ, ಕರಕರ ನಿಂತಿತು, ಇದೇ ಕೆಟ್ಟಿದೆ’ ಅನ್ನುವ ಲೆಕ್ಕ ತಪ್ಪು. ಇದೇ ಲೆಕ್ಕದಲ್ಲಿ ಚೆನ್ನಾಗಿದ್ದ ಸೆನ್ಸರ್ ಬದಲಾಯಿಸಿದವರನ್ನು ತುಂಬಾ ನೋಡಿದ್ದೇನೆ.

ಮಿಶಿಗನ್ ಕನ್ನಡಿಗ

ಇಲ್ಲಿ ಚಳಿಗಾಲದಲ್ಲಿ ಹಿಮ ಕರಗಿಸಲು ರಸ್ತೆಗೆ ಉಪ್ಪು ಸುರಿಯುತ್ತಾರೆ, ಹಾಗಾಗಿ ನೀವು ಹೇಳಿದ ಲಕ್ಷಣ ಇಲ್ಲಿ ಮನೆಮಾತು. 2005ರಲ್ಲಿ ಜನರಲ್ ಮೋಟರ್ಸ್ 1999ರಿಂದ 2002ರವರೆಗಿನ ಪಿಕಪ್ ಮತ್ತು ಎಸ್‌ಯುವಿಗಳನ್ನು ಇದೇ ಕಾರಣಕ್ಕೆ ವಾಪಸ್ ಕರೆಸಿತ್ತು, ಅದೂ ಉಪ್ಪು ಹಾಕುವ ರಾಜ್ಯಗಳಲ್ಲಿ. ಸೆನ್ಸರ್ ಕೂರುವ ಜಾಗದಲ್ಲಿ ತುಕ್ಕು ಉಬ್ಬಿ ಸೆನ್ಸರನ್ನು ಮೇಲೆ ಎತ್ತುತ್ತಿತ್ತು, ರಿಂಗ್‌ಗೂ ಸೆನ್ಸರ್‌ಗೂ ನಡುವಿನ ಸಂದು ಹೆಚ್ಚಾಗಿ ಸಿಗ್ನಲ್ ಸೊರಗುತ್ತಿತ್ತು, ನಿಧಾನ ವೇಗದಲ್ಲಿ ಎಬಿಎಸ್ ಸುಮ್ಮನೆ ಕೆಲಸ ಶುರು ಮಾಡುತ್ತಿತ್ತು. ಆ ಸಂದು ಇರಬೇಕಾದ್ದೇ ಸುಮಾರು 1 ಮಿ.ಮೀ., ಹಾಗಾಗಿ ಸ್ವಲ್ಪ ತುಕ್ಕು ಸಾಕು. ಪುತ್ತೂರಿನಲ್ಲಿ ಉಪ್ಪು ಇಲ್ಲದಿದ್ದರೂ ಅಷ್ಟು ಮಳೆ, ಕೆಸರು ಇದೆ. ಸೆನ್ಸರ್ ಬಿಚ್ಚಿದಾಗ ಅದರ ತೂತು ಮತ್ತು ಕೂರುವ ಮುಖ ಎರಡನ್ನೂ ಎಮೆರಿ ಪೇಪರ್‌ನಲ್ಲಿ ಹೊಳೆಯುವಷ್ಟು ಉಜ್ಜಿ, ಕಸ ಒಳಗೆ ಬೀಳದಂತೆ ಬಟ್ಟೆ ತುರುಕಿಟ್ಟುಕೊಳ್ಳಿ. ಸೆನ್ಸರ್ ಅಂಟಿಕೊಂಡಿದ್ದರೆ ತುಕ್ಕು ಬಿಡಿಸುವ ಎಣ್ಣೆ ಹಾಕಿ ರಾತ್ರಿಯಿಡೀ ಬಿಡಿ. ಸುತ್ತಿಗೆಯಲ್ಲಿ ಹೊಡೆದರೆ ಪ್ಲಾಸ್ಟಿಕ್ ತಲೆ ಕೈಗೆ ಬರುತ್ತದೆ, ಉಳಿದದ್ದು ಒಳಗೇ ಇರುತ್ತದೆ.

ಇದನ್ನು ಓದುವ, ಹೊಸ ಗಾಡಿ ಇರುವವರಿಗೆ ಒಂದು ಮಾತು. ಹೊಸ ಜಾತಿಯ ಸೆನ್ಸರ್ ಇರುವ ಹಲವು ಗಾಡಿಗಳಲ್ಲಿ ಹಲ್ಲಿನ ರಿಂಗ್ ಇರುವುದಿಲ್ಲ, ಬೇರಿಂಗ್‌ನ ಒಂದು ಬದಿಯ ಸೀಲಿನಲ್ಲೇ ಅಯಸ್ಕಾಂತದ ಪಟ್ಟಿ ಇರುತ್ತದೆ. ಬೇರಿಂಗನ್ನು ಹಿಂದು ಮುಂದಾಗಿ ಪ್ರೆಸ್ ಮಾಡಿದರೆ ಸಿಗ್ನಲ್ ಬರುವುದೇ ಇಲ್ಲ. ಹಾಕುವ ಮೊದಲು ಸಣ್ಣ ಪೇಪರ್ ಕ್ಲಿಪ್ ಹಿಡಿದು ಅಯಸ್ಕಾಂತದ ಬದಿ ಯಾವುದು ಅಂತ ನೋಡಿಕೊಳ್ಳಿ, ಆ ಬದಿ ಸೆನ್ಸರ್ ಕಡೆಗೆ ಬರಬೇಕು.

ಪುತ್ತೂರು ಪಯಣ

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಹೇಳಿದ ಕ್ರಮದಲ್ಲೇ ಮಾಡಿದೆ. ಕನೆಕ್ಟರ್ ಬಿಚ್ಚಿ ಗಾಡಿ ಕಡೆ ನೋಡಿದರೆ ಬ್ಯಾಟರಿ ವೋಲ್ಟ್ ಇಲ್ಲ, ಹಾಗಾದರೆ ಹಳೇ ಜಾತಿ. ಸ್ಕ್ಯಾನರ್‌ನಲ್ಲಿ ಸಿ0035 ಬಂತು, ಮುಂದಿನ ಎಡ. ಲೈವ್ ಡೇಟಾದಲ್ಲಿ 30ರಲ್ಲಿ ನಾಲ್ಕೂ ಸಮ, 12ಕ್ಕೆ ಇಳಿದಾಗ ಮುಂದಿನ ಎಡ ಮಾತ್ರ 12, 4, 11, 3 ಅಂತ ಕುಣಿಯಿತು.

ಓಮ್ ಎಡ 1120, ಬಲ 1135. ವೈರು ಅಲ್ಲಾಡಿಸಿದರೂ ಸ್ಟೀರಿಂಗ್ ತಿರುಗಿಸಿದರೂ ಬದಲಾಗಲಿಲ್ಲ. ಎಸಿ ವೋಲ್ಟ್‌ನಲ್ಲಿ ವ್ಯತ್ಯಾಸ ಸಿಕ್ಕಿತು. ಬಲ ಚಕ್ರದಲ್ಲಿ ಅಂಕಿ ಸರಾಗ, ಎಡ ಚಕ್ರದಲ್ಲಿ ಸುತ್ತಿಗೊಮ್ಮೆ ಹಾರುತ್ತದೆ. ಚಕ್ರ ಬಿಚ್ಚಿ, ಟಾರ್ಚ್ ಹಿಡಿದು, ರಿಂಗಿನ ಹಲ್ಲುಗಳ ಮೇಲಿನ ಕೆಸರನ್ನು ಹಳೇ ಟೂತ್‌ಬ್ರಷ್‌ನಲ್ಲಿ ತೆಗೆಯುತ್ತಾ ಒಂದೊಂದೇ ಹಲ್ಲು ನೋಡುತ್ತಾ ಹೋದೆ. ಒಂದು ಕಡೆ ಎರಡು ಹಲ್ಲುಗಳ ನಡುವಿನ ಸಂದು ಮಿಕ್ಕವುಗಳಿಗಿಂತ ಅಗಲ ಇದೆ, ಅದರ ತಳದಲ್ಲಿ ಕೂದಲೆಳೆಯಷ್ಟು ಬಿರುಕು, ಬಿರುಕಿನ ಉದ್ದಕ್ಕೂ ಕೆಂಪು ತುಕ್ಕು. ಉಗುರು ಸಿಕ್ಕಿಸಿದರೆ ತಡೆಯುತ್ತದೆ.

ಅಂಗಡಿಯವರು ಪೂರ್ತಿ ಡ್ರೈವ್ ಶಾಫ್ಟ್ ತೆಗೆದುಕೊಳ್ಳಬೇಕು ಅನ್ನುತ್ತಿದ್ದಾರೆ. ಬರೀ ರಿಂಗ್ ಸಿಗುತ್ತದಾ?

ಹಳೇ ಪಾನಾ

ಬಿರುಕು ಹಿಡಿದಿರಲ್ಲ, ಬಹಳ ಒಳ್ಳೆಯ ಕೆಲಸ. ತುಕ್ಕು ಇರುವುದನ್ನು ನೋಡಿದರೆ ಬೇರಿಂಗ್ ಕೆಲಸದಲ್ಲಿ ಏಟು ಬಿದ್ದದ್ದೋ, ರಿಂಗ್ ಕೆಳಗೆ ತುಕ್ಕು ಉಬ್ಬಿ ತಾನೇ ಒಡೆದದ್ದೋ ಹೇಳುವುದು ಕಷ್ಟ, ಎರಡೂ ಆಗುತ್ತವೆ. ಹಾಗಾಗಿ ಆ ಮೆಕ್ಯಾನಿಕ್ ಮೇಲೆ ಜಗಳಕ್ಕೆ ಹೋಗಬೇಡಿ.

ಹಲವು ಗಾಡಿಗಳಿಗೆ ಬರೀ ರಿಂಗ್ ಸಿಗುತ್ತದೆ. ಬೆಂಗಳೂರಿನ ಜೆ.ಸಿ. ರಸ್ತೆಯ ಬಿಡಿಭಾಗದ ಅಂಗಡಿಗಳಲ್ಲಿ ವಿಚಾರಿಸಿ, ಹಳೇ ರಿಂಗ್‌ನ ಫೋಟೋ ಕಳಿಸಿ. ಮೂರು ವಿಷಯ ಹೊಂದಬೇಕು: ಹಲ್ಲಿನ ಲೆಕ್ಕ, ಒಳಗಿನ ಅಳತೆ, ಎತ್ತರ. ಒಂದು ಹಲ್ಲಿಗೆ ಸೀಮೆಸುಣ್ಣದ ಗುರುತು ಹಾಕಿ ಅಲ್ಲಿಂದ ಎಣಿಸಿ, ಬಲಗಡೆಯದನ್ನೂ ಎಣಿಸಿ ತಾಳೆ ನೋಡಿ. ಒಂದು ಹಲ್ಲು ಹೆಚ್ಚು ಕಡಿಮೆ ಆದರೂ ಆ ಚಕ್ರ ಯಾವಾಗಲೂ ಬೇರೆ ವೇಗ ಹೇಳುತ್ತದೆ.

ಹಳೆಯದನ್ನು ಉಳಿಯಿಂದ ಒಡೆದು ತೆಗೆದು, ಕೂರುವ ಜಾಗದ ತುಕ್ಕನ್ನು ಪೂರ್ತಿ ಉಜ್ಜಿ, ಹೊಸ ರಿಂಗನ್ನು ಬಿಸಿ ಮಾಡಿ ಇಳಿಸುತ್ತಾರೆ. ಬಿಸಿಗೆ ಅಗಲವಾಗಿ ಕೂರುತ್ತದೆ, ತಣ್ಣಗಾದ ಮೇಲೆ ಬಿಗಿಯುತ್ತದೆ. ಶಾಫ್ಟ್ ಮೇಲೆ ಇಟ್ಟುಕೊಂಡು ಗ್ಯಾಸ್ ಬೆಂಕಿ ಹಿಡಿಯಲು ಬಿಡಬೇಡಿ, ಪಕ್ಕದಲ್ಲೇ ಜಾಯಿಂಟಿನ ರಬ್ಬರ್ ಬೂಟ್ ಇದೆ. ಓರೆಯಾಗಿ ಕೂತರೂ ಅದೇ ಕರಕರ ಮತ್ತೆ ಶುರು, ಆದ್ದರಿಂದ ಶಾಫ್ಟ್ ಗಾಡಿಗೆ ಹಾಕುವ ಮೊದಲು ತಿರುಗಿಸಿ ಕಣ್ಣಳತೆಯಲ್ಲಿ ನೋಡಿ.

ಪುತ್ತೂರು ಪಯಣ

ರಿಂಗ್ ಸಿಕ್ಕಿತು, ಹಾಕಿಸಿದೆ. ಸೆನ್ಸರ್ ಹಳೆಯದೇ. ಕೂರುವ ಜಾಗ ಎರಡೂ ಕಡೆ ಉಜ್ಜಿದೆ. ಕೋಡ್ ಅಳಿಸಿ, ಮನೆ ಹಿಂದಿನ ಖಾಲಿ ರಸ್ತೆಯಲ್ಲಿ ಮೆಲ್ಲಗೆ ನಿಲ್ಲಿಸಿ ನೋಡಿದೆ, ಪೆಡಲ್ ಶಾಂತ. ಲೈವ್ ಡೇಟಾದಲ್ಲಿ ನಾಲ್ಕೂ ಒಟ್ಟಿಗೆ ಇಳಿಯುತ್ತವೆ. ದೀಪ ಬಂದಿಲ್ಲ. ನಾಳೆ ಬೆಳಿಗ್ಗೆ ಶಿರಾಡಿ ಹತ್ತುತ್ತೇನೆ.

ವಿಜಯನಗರ ವೈರಿಂಗ್

ಖುಷಿಯಾಯಿತು. ಹೊರಡುವ ಮೊದಲು ಡ್ರೈವ್ ಶಾಫ್ಟಿನ ದೊಡ್ಡ ನಟ್ ಹೊಸದು ಹಾಕಿದ್ದಾರಾ, ಕಂಪನಿ ಹೇಳಿದ ಟಾರ್ಕ್‌ಗೆ ಬಿಗಿದಿದ್ದಾರಾ ಅಂತ ಕೇಳಿಕೊಳ್ಳಿ. ಅದರ ತುದಿ ಬಡಿದು ಲಾಕ್ ಮಾಡುವ ಜಾತಿಯಾದರೆ ಹಳೆಯದನ್ನು ಮತ್ತೆ ಹಾಕಬಾರದು.