ತೊಂಡೆ ಬಳ್ಳಿಯ ಬಳಿ ಸುಳಿಯುವ ಬಿಳಿ ಪತಂಗ ಯಾವುದು? (ಪುಣೆ)

ಪ್ರಶ್ನೆ (ಕೋಥರೂಡ್‌ನಿಂದ):
ನಮಸ್ಕಾರ. ಮಳೆ ಹಿಡಿದಾಗಿನಿಂದ ನಮ್ಮ ಬಾಲ್ಕನಿಯ ದೀಪದ ಬಳಿ ಒಂದು ಬಿಳಿ ಪತಂಗ ಬಂದು ಕೂರುತ್ತಿದೆ. ರೆಕ್ಕೆ ಬಿಚ್ಚಿದರೆ ಒಂದು ಅಂಗುಲಕ್ಕೆ ತುಸು ಹೆಚ್ಚು ಅಗಲ. ಬಿಳಿ ಭಾಗದ ಮೂಲಕ ಗೋಡೆಯ ಬಣ್ಣ ಮಸುಕಾಗಿ ತೋರುತ್ತದೆ, ಅಂಚಿಗೆ ಕಡು ಕಂದು ಪಟ್ಟಿಯಿದೆ. ಕಬ್ಬು ಬೆಳೆಯುವ ನೆಂಟರೊಬ್ಬರು ಇದನ್ನು ಕಬ್ಬಿನ ಸುಳಿ ಕೊರೆಯುವ ಪತಂಗವೆಂದರು. ಕುಂಡದಲ್ಲಿರುವ ತೊಂಡೆಯ ಎಲೆಗಳು ಜಾಳಾಗುತ್ತಿರುವುದಕ್ಕೂ ಇದಕ್ಕೂ ಸಂಬಂಧವಿದೆಯೇ?

ಉತ್ತರ:
ಪುಣೆ ಜಿಲ್ಲೆಯಲ್ಲಿ ಕಬ್ಬು ಹೇರಳವಾಗಿರುವುದರಿಂದ ನಿಮ್ಮ ನೆಂಟರ ಊಹೆ ಸಹಜವೇ. ಆದರೆ ಕಬ್ಬಿನ ಪತಂಗದ ರೆಕ್ಕೆ ಅಂಚಿನವರೆಗೂ ಬಿಳಿ. ಕುಳಿತಾಗ ರೆಕ್ಕೆಗಳನ್ನು ಮನೆಯ ಮಾಡಿನಂತೆ ಇಳಿಬಿಟ್ಟಿರುತ್ತದೆ. ಮಲ್ಲಿಗೆ ಗಿಡದಲ್ಲಿ ಬೆಳೆಯುವ ಪಾಲ್ಪಿಟಾ ಎಂಬ ಬಿಳಿ ಪತಂಗಕ್ಕೂ ಪಾರದರ್ಶಕ ರೆಕ್ಕೆಗಳಿವೆ, ಆದರೆ ಅದರ ಕಂದು ಗೆರೆ ಮುಂದಿನ ಅಂಚಿಗಷ್ಟೇ ಸೀಮಿತ. ನಿಮ್ಮ ಪತಂಗದ ಹೊರ ಅಂಚಿಗೂ ಅಗಲವಾದ ಪಟ್ಟಿಯಿದ್ದರೆ ಅದು ಬಹುಮಟ್ಟಿಗೆ ಸೌತೆ, ಹಾಗಲ, ಪಡವಲ, ತೊಂಡೆಗಳನ್ನು ತಿನ್ನುವ ಡಯಾಫೇನಿಯಾ ಇಂಡಿಕಾ. ದಯವಿಟ್ಟು ಎರಡು ಸಂಗತಿ ನೋಡಿ ತಿಳಿಸಿ: ಹೊಟ್ಟೆಯ ತುದಿಯಲ್ಲಿ ಕೂದಲಿನ ಕುಚ್ಚು ಇದೆಯೇ, ಮಡಚಿಕೊಂಡ ಎಲೆಯೊಳಗೆ ಹುಳುವಿದೆಯೇ?

ಪ್ರಶ್ನೆ ಕೇಳಿದವರು:
ಕುಚ್ಚು ಇದೆ, ಅದನ್ನು ಅರಳಿಸಿ ಆಡಿಸುತ್ತಲೂ ಇತ್ತು. ನೂಲಿನಿಂದ ಅಂಟಿಸಿದಂತಿದ್ದ ಎಲೆಯನ್ನು ಬಿಡಿಸಿದಾಗ, ಬೆನ್ನುದ್ದಕ್ಕೂ ಎರಡು ಬಿಳಿ ಗೆರೆಗಳಿದ್ದ ಹಸಿರು ಹುಳು ಸಿಕ್ಕಿತು. ಒಂದು ಎಳೆಯ ಕಾಯಿಗೂ ತೂತು ಬಿದ್ದಿದೆ. ಪತಂಗಗಳನ್ನು ಹಿಡಿದು ಕೊಂದರೆ ಸಾಕೇ?

ಉತ್ತರ:
ಹಾಗಾದರೆ ಸಂಶಯವಿಲ್ಲ, ಆ ಎರಡು ಗೆರೆಗಳೇ ಸಾಕ್ಷಿ. ಎಲೆ ತಿನ್ನುವುದು ಪತಂಗವಲ್ಲ, ಅದರ ಮರಿಯಾದ ಈ ಹುಳು. ಆದ್ದರಿಂದ ದೀಪದ ಬಳಿಯ ಬೇಟೆಯಿಂದ ಬಳ್ಳಿಗೆ ಹೆಚ್ಚಿನ ಪ್ರಯೋಜನವಾಗದು. ಮಡಚಿದ ಎಲೆಗಳನ್ನೂ ತೂತುಬಿದ್ದ ಕಾಯಿಗಳನ್ನೂ ಕಿತ್ತು ಸೋಪಿನ ನೀರಿಗೆ ಹಾಕಿ. ಈ ಹುಳು ಮಡಚಿದ ಎಲೆಯೊಳಗೇ ಕೋಶವನ್ನೂ ಕಟ್ಟುವುದರಿಂದ ಒಣಗಿದ ಮಡಿಕೆಗಳನ್ನೂ ಬಿಡಬಾರದು. ಕುಂಡದ ಬಳ್ಳಿಗೆ ಸಾಮಾನ್ಯವಾಗಿ ಇಷ್ಟೇ ಸಾಕಾಗುತ್ತದೆ. ಮತ್ತೂ ಹುಳು ಕಂಡರೆ ಬ್ಯಾಸಿಲಸ್ ತುರಿಂಜಿಯೆನ್ಸಿಸ್ ಎಂಬ ಬ್ಯಾಕ್ಟೀರಿಯಾ ಇರುವ ಜೈವಿಕ ಪುಡಿಯನ್ನು ಪೊಟ್ಟಣದ ಮೇಲಿನ ಪ್ರಮಾಣದಲ್ಲೇ ಕಲಸಿ, ಎಲೆಯ ಎರಡೂ ಬದಿಗೆ ಸಿಂಪಡಿಸಿ. ಬಿಸಿಲಿಗೆ ಅದರ ಶಕ್ತಿ ಕುಂದುವುದರಿಂದ ಸಂಜೆಯೇ ಸೂಕ್ತ; ಹುಳು ಚಿಕ್ಕದಿದ್ದಾಗಲೇ ಚೆನ್ನಾಗಿ ಕೆಲಸ ಮಾಡುತ್ತದೆ. ತೊಂಡೆಯ ಹೂವಿಗೆ ಜೇನುನೊಣಗಳು ಬರುತ್ತವೆ, ಕಾಯಿಯನ್ನು ಮನೆಯವರೇ ತಿನ್ನುತ್ತೀರಿ. ಅಂಗಡಿಯವರು ಕೊಡುವ ಕಟುವಾದ ಕೀಟನಾಶಕಕ್ಕೆ ದಯವಿಟ್ಟು ಕೈಹಾಕಬೇಡಿ.